ಮೌನೇಶಾಚಾರ್ರ ಕೊನೆಯ ಕೋಣೆ

ನಮ್ಮೂರಲ್ಲಿ ಯಾರೂ ಒಬ್ಬೊಬ್ಬರೇ ಒಂದು ಕಟ್ಟಡದೊಳಗೆ ಹೋಗುವುದಿಲ್ಲ. ಹೋಗುವ ಮುಂಚೆ ಹೊರಗೆ ಒಬ್ಬರನ್ನು ನಿಲ್ಲಿಸಿ, "ಹೊತ್ತಾದ ಮ್ಯಾಲ ಕೂಗು" ಅಂತ ಹೇಳಿ ಹೋಗುತ್ತಾರೆ. ಹೀಗೆ ನಿಲ್ಲುವುದಕ್ಕೆ ನಾವು ಹೊಸ್ತಿಲು ಹಿಡಿಯುವುದು ಅನ್ನುತ್ತೇವೆ. ಪರವೂರಿನವರಿಗೆ ಇದು ನಗುವ ವಿಷಯ. ನಕ್ಕವರಲ್ಲಿ ಕೆಲವರು ಹಠಕ್ಕೆ ಬಿದ್ದು ಒಬ್ಬರೇ ಒಳಹೊಕ್ಕು, ಹೊರಬಂದು ನೋಡಿದರೆ ಬಸ್ಸೂ ಹೋಗಿ, ಹಬ್ಬವೂ ಹೋಗಿ, ಒಬ್ಬನಿಗಂತೂ ಗೊತ್ತುಮಾಡಿದ್ದ ಹುಡುಗಿಯೇ ಬೇರೆಯವನ ಮನೆ ಸೇರಿ, ತಲೆ ಮೇಲೆ ಕೈಹೊತ್ತು ಕೂತದ್ದನ್ನು ನಾನೇ ಕಂಡಿದ್ದೇನೆ. ಆಮೇಲೆ ಅವರೂ ಹೊಸ್ತಿಲಿಗೆ ಜನ ಹುಡುಕುತ್ತಾರೆ.

ನಾನು ಮಾಬೂಸಾಬ. ಹತ್ತಿ ಹಿಂಜಿ ಗಾದಿ ಹೊಲಿಯುವುದು ನಮ್ಮ ಮನೆತನದ ಕೆಲಸ. ನಾನು ಹೇಳಹೊರಟಿರುವುದು ನನ್ನ ಕಥೆಯಲ್ಲ, ನಮ್ಮ ನೆರೆಮನೆಯ ದಾಕ್ಷಾಯಣಿಯ ಕಥೆ. ಅವಳ ಕಥೆ ಹೇಳಬೇಕೆಂದರೆ ಅವಳಪ್ಪ ಮೌನೇಶಾಚಾರ್ರಿಂದ ಸುರು ಮಾಡಬೇಕು. ಈ ಊರಿನ ಹೊತ್ತನ್ನೆಲ್ಲ ಬಗ್ಗಿಸಿದವರು ಅವರೇ.

ಕಲ್ಲು ಅವರ ಮಾತು ಕೇಳುತ್ತಿತ್ತು ಅನ್ನುವವರುಂಟು, ಕನಸಿನಲ್ಲಿ ದೇವರು ಬಂದು ನಕ್ಷೆ ತೋರಿಸಿದ ಅನ್ನುವವರೂ ಉಂಟು. ನಾನು ಅದನ್ನೆಲ್ಲ ನಂಬುವವನಲ್ಲ. ಅವರು ಗೋಡೆ ಎಬ್ಬಿಸಿದ ಕಡೆ ಹೊತ್ತು ಬೇರೆ ನಡಿಗೆ ನಡೆಯುತ್ತಿತ್ತು, ಅಷ್ಟು ಮಾತ್ರ ನಿಜ. ಮೊದಲು ಕಟ್ಟಿದ್ದು ಬಾಣಂತಿಯರ ಕೋಣೆ. ಹಡೆದ ಹೆಣ್ಣುಮಗಳು ಒಳಗೆ ಕಣ್ತುಂಬ ನಿದ್ದೆ ಮಾಡಿ ಎದ್ದು ಬಂದರೂ ಹೊರಗೆ ಒಲೆಯ ಮೇಲಿಟ್ಟ ನೀರು ಇನ್ನೂ ಕಾದಿರುತ್ತಿರಲಿಲ್ಲ. ಅತ್ತೆಯರಿಗೆ ಗೊಣಗಲು ಆಸ್ಪದವೇ ಸಿಗದೆ ಹೋಯಿತು. ಊರ ಹೆಂಗಸರು ಇವತ್ತಿಗೂ ಆ ಕೋಣೆಯ ಬಾಗಿಲಿಗೆ ಕೈಮುಗಿದೇ ಒಳಗೆ ಹೋಗುತ್ತಾರೆ.

ಆಮೇಲೆ ಚಾವಡಿ ಕಟ್ಟಿದರು. ಹೊಡೆದಾಡಿಕೊಂಡು ಬಂದವರನ್ನು ಒಳಗೆ ಕೂಡಿಸಿ ಬಾಗಿಲು ಮುಚ್ಚಿದರೆ, ಪಂಚರ ಬಾಯಿಯ ಎಲೆಯಡಿಕೆ ಮುಗಿಯುವುದರೊಳಗೆ ಅವರಿಗೆ ಒಳಗೆ ತಿಂಗಳು ಕಳೆದಿರುತ್ತಿತ್ತು. ಬುತ್ತಿ ತೀರಿ, ಬೈಗುಳ ತೀರಿ, ಒಬ್ಬರ ಗಡ್ಡ ಒಬ್ಬರು ನೋಡಿ ಬೇಸತ್ತು ಹೊರಬರುತ್ತಿದ್ದರು. ನಮ್ಮ ಹೆಂಗಸರೇನು ಕಡಿಮೆಯೇ? ಜಗಳಗಂಟರ ಜೊತೆ ಹೊಸ ಉಪ್ಪಿನಕಾಯಿ ಜಾಡಿಗಳನ್ನೂ ಒಳಗೆ ಇಡಿಸುತ್ತಿದ್ದರು, ಚೆನ್ನಾಗಿ ಕಳಿತು ಬರಲಿ ಅಂತ. ಬಸ್ ಸ್ಟ್ಯಾಂಡಿಗೆ ಇದರ ಉಲ್ಟಾ ಕೆಲಸ ಮಾಡಿದರು. ಅಲ್ಲಿ ಕೂತವರಿಗೆ ಬೀಡಿ ಹಚ್ಚುವುದರೊಳಗೆ ಬಸ್ಸು ಬಂದು ನಿಂತಿರುತ್ತಿತ್ತು. ಆದರೆ ಅಲ್ಲಿ ಕಾಯುವವರು ಬೈಯುವುದಿಲ್ಲ ಅಂತ ಗೊತ್ತಾದದ್ದೇ ಬಸ್ಸಿನವರು ಇನ್ನಷ್ಟು ತಡಮಾಡತೊಡಗಿದರು, ಅದು ಬೇರೆ ಮಾತು.

ಪ್ರತಿ ಕಟ್ಟಡಕ್ಕೂ ಒಂದು ಕೊನೆಯ ಕಲ್ಲು ಇರುತ್ತಿತ್ತು. ಅದನ್ನು ಕೂರಿಸುವ ತನಕ ಒಳಗಿನ ಹೊತ್ತು ಇನ್ನೂ ಹಸಿ, ತಿದ್ದಬಹುದು. ಕೂರಿಸಿದ ಮೇಲೆ ಅದು ಆಗ ಯಾವ ನಡಿಗೆಯಲ್ಲಿತ್ತೋ ಅದೇ ನಡಿಗೆ ಕಾಯಂ. ಗೋಡೆ ಒಡೆದು ತಿದ್ದೋಣವೆಂದರೆ ಅದೂ ಆಗದು. ಹಿಂದೆ ಅವರೇ ಕಟ್ಟಿದ ಒಂದು ದನದ ಕೊಟ್ಟಿಗೆಯ ಗೋಡೆ ಮಳೆಗೆ ಕುಸಿದಾಗ ಒಳಗಿನ ಹೋರಿ ನಿಂತಲ್ಲೇ ಮೂಳೆಯಾಗಿತ್ತು. ಅಂದಿನಿಂದ ಆಚಾರ್ರ ಗೋಡೆಗೆ ಯಾರೂ ಸುತ್ತಿಗೆ ಮುಟ್ಟಿಸಿಲ್ಲ.

ಹೊತ್ತನ್ನು ಇಷ್ಟು ಆಡಿಸುವ ಮನುಷ್ಯನಿಗೆ ತನ್ನದೇ ಹೊತ್ತು ಸಾಲುತ್ತಿರಲಿಲ್ಲ ನೋಡಿ! ಸದಾ ಅವಸರ. ರೊಟ್ಟಿ ಕೈಯಲ್ಲಿ ಹಿಡಿದು ನಿಂತೇ ತಿನ್ನುತ್ತಿದ್ದರು. ಅವರ ಹೆಂಡತಿ ಶಿವಗಂಗವ್ವ, "ಕುಂತು ಉಣ್ಣಾಕ ಏನ್ ಧಾಡಿ ಆಗೇತ್ರಿ ನಿಮಗ?" ಅಂತ ಬೈಯುವುದು ನಮ್ಮ ಅಂಗಳಕ್ಕೆ ಕೇಳುತ್ತಿತ್ತು. ಅವರ ಮನೆಯ ಹಿತ್ತಲಿಗೂ ನಮ್ಮ ಅಂಗಳಕ್ಕೂ ನಡುವೆ ಒಂದೇ ಗೋಡೆ.

ಆಚಾರ್ರ ತಾಯಿ ಪರವೂರಲ್ಲಿ ತೀರಿಕೊಂಡಾಗ ಅವರು ಹೋಗಿ ಮುಟ್ಟುವುದು ತಡವಾಯಿತು. ಬಾಯಿಗೆ ನೀರು ಬಿಡಲು ಮಗ ಬರಲಿ ಅಂತ ಆ ಮುದುಕಿ ಉಸಿರು ಹಿಡಿದಷ್ಟು ಹಿಡಿದು, ಬಾಗಿಲ ಕಡೆ ನೋಡುತ್ತಲೇ ಹೋದಳಂತೆ. "ನಮ್ಮವ್ವ ಬಾಗಲಾ ನೋಡ್ಕೋತ ಹೋದ್ಲು. ಆಗ ನಾ ಆ ಊರ ಅಗಸಿ ದಾಟಾಕತ್ತಿದ್ದೆ," ಅಂತ ಅವರು ನಮ್ಮಪ್ಪನ ಮುಂದೆ ಹೇಳಿ ಅತ್ತಿದ್ದರು. ಆ ದುಃಖದಲ್ಲಿಯೇ ಹಿತ್ತಲಲ್ಲಿ ಒಂದು ಹೊಸ ಕೋಣೆ ಎಬ್ಬಿಸತೊಡಗಿದರು. ಸಾಯುವವರನ್ನು ಅದರೊಳಗೆ ಮಲಗಿಸಿದರೆ, ಮಕ್ಕಳು ಎಷ್ಟೇ ದೂರದಿಂದ ಬರಲಿ, ಅಲ್ಲಿಯ ತನಕ ಆ ಕೊನೆಯ ಉಸಿರು ಹೋಗಬಾರದು. ಊರಿಗೆ ಊರೇ ಅದಕ್ಕೆ ಕಲ್ಲು ಹೊತ್ತಿತು. ಸಾವಿನ ಹೊತ್ತಿಗೆ ತಡವಾಗಿ ಮುಟ್ಟಿದವರು ಯಾವ ಮನೆಯಲ್ಲಿಲ್ಲ ಹೇಳಿ?

ಸಾಲಿನ ಮೇಲೆ ಸಾಲು ಏರಿದಂತೆ ಕೋಣೆಯೊಳಗಿನ ಹೊತ್ತು ನಿಧಾನವಾಗುತ್ತ ಹೋಯಿತು. ಬೆಳಿಗ್ಗೆ ಒಳಗೆ ಹೋದ ಆಚಾರ್ರು, ಒಂದು ಕಲ್ಲಿಟ್ಟು ಬಂದೆ ಅಂದುಕೊಂಡು ಸಂಜೆಗೆ ಹೊರಬರುತ್ತಿದ್ದರು. ಬರಬರುತ್ತ ಅದು ದಿನಗಟ್ಟಲೆ ಆಯಿತು. ಒಳಗಿನವರಿಗೆ ಇದು ಹೇಗೆ ತಿಳಿಯಬೇಕು? ಹೊಸ್ತಿಲಲ್ಲಿ ನಿಂತವರು ಕೂಗಬೇಕು. ಕೂಗುವುದಕ್ಕೂ ಒಂದು ರೀತಿಯಿದೆ. 'ಏನ್ರೀ' ಅಂದರೆ ಆಗದು. ಒಮ್ಮೆ ಬಸ್ ಸ್ಟ್ಯಾಂಡಿನ ಬಾಗಿಲಲ್ಲಿ ಒಬ್ಬಳು ಏನ್ರೀ ಅಂದದ್ದಕ್ಕೆ ಯಾರೂ ಅಲ್ಲಾಡಲಿಲ್ಲ, ಎಲ್ಲರ ಹೆಂಡಂದಿರೂ ಏನ್ರೀ ಅನ್ನುವವರೇ. ಹೆಸರು ಹಿಡಿದು ಕೂಗಬೇಕು, ಇಲ್ಲವೇ ಮಕ್ಕಳು ಕೂಗಬೇಕು. ಮಕ್ಕಳ ದನಿ ಎಂಥ ಹೊತ್ತಿನಲ್ಲೂ ಹೆತ್ತವರಿಗೆ ಗುರುತು ಸಿಗುತ್ತದೆ. ಗಂಡನ ಹೆಸರು ಹೇಳುವ ಹೆಂಗಸು ಆಗ ನಮ್ಮೂರಲ್ಲಿ ಹುಟ್ಟಿರಲಿಲ್ಲ. ಹಾಗಾಗಿ ಶಿವಗಂಗವ್ವ ದಿನಾಲೂ ಮಗಳನ್ನು ಮುಂದೆ ನಿಲ್ಲಿಸಿ, "ಕೂಗ ಬೇ ದಾಕ್ಷಿ, ಉಣ್ಣಾಕ ಬರ್ಲಿ ನಿಮ್ಮಪ್ಪ," ಅನ್ನುತ್ತಿದ್ದಳು. ದಾಕ್ಷಿ ಅಪ್ಪಾ ಅಂತ ಚೀರುತ್ತಿದ್ದಳು. ಅವರು ಬರುತ್ತಿದ್ದರು.

ಆ ದಿನ ಓಣಿಯ ತುದಿಯಲ್ಲಿ ಕಲಾಯಿಯವನು ಬಂದಿದ್ದ. ನಮ್ಮವ್ವ ಫಕೀರವ್ವ ಒಂದು ತಾಮ್ರದ ಹಂಡೆ ಕೊಟ್ಟು ನನ್ನನ್ನು ಕಳಿಸಿದಳು, ದಾಕ್ಷಿಯೂ ನನ್ನ ಬೆನ್ನು ಹತ್ತಿದಳು. ನಮ್ಮಿಬ್ಬರಿಗೂ ಆಗ ಹಲ್ಲು ಬೀಳುವ ವಯಸ್ಸು. ಹಂಡೆ ಬೆಳ್ಳಗಾಗುವುದನ್ನು ನೋಡುತ್ತ ಬಾಯಿ ಬಿಟ್ಟುಕೊಂಡು ಕೂತೆವು. ಇತ್ತ ಶಿವಗಂಗವ್ವ ರೊಟ್ಟಿ ಬಡಿದು, ಪಲ್ಯ ಬಡಿಸಿಟ್ಟು, ಮಗಳನ್ನು ಹುಡುಕಿದಳು, ಸಿಗಲಿಲ್ಲ. ಹೊಸ್ತಿಲಲ್ಲಿ ನಿಂತು ಏನ್ರೀ ಅಂದಳು, ಬಳೆ ಸದ್ದು ಮಾಡಿದಳು, ಬಾಗಿಲು ಬಡಿದಳು. ನಮ್ಮವ್ವ ಗೋಡೆಯಾಚೆಯಿಂದ ಎಲ್ಲ ಕೇಳಿಸಿಕೊಂಡಿದ್ದಾಳೆ. "ತಡಿ ಶಿವಗಂಗಾ, ಹುಡುಗಿ ಬರ್ಲಿ," ಅಂತ ಅಂದಳಂತೆ. "ರೊಟ್ಟಿ ಆರಾಕತ್ಯಾವ ಬೇ, ಭುಜಾ ಮುಟ್ಟಿ ಕರಕೊಂಡು ಬಂದೆ," ಅಂದವಳೇ ಒಳಗೆ ಕಾಲಿಟ್ಟಳು.

ನಾವು ಬಂದು ನೋಡಿದಾಗ ಆಚಾರ್ರು ಎದುರು ಗೋಡೆಯ ಕಡೆ ಮುಖ ಮಾಡಿ, ಕೊನೆಯ ಕಲ್ಲನ್ನು ಎರಡೂ ಕೈಯಲ್ಲಿ ಎತ್ತಿ ಹಿಡಿದು ನಿಂತಿದ್ದರು. ಅವರ ಹಿಂದೆ ಶಿವಗಂಗವ್ವ, ಒಂದು ಕಾಲು ನೆಲದ ಮೇಲೆ, ಒಂದು ಕಾಲು ಗಾಳಿಯಲ್ಲಿ, ಬಲಗೈ ಗಂಡನ ಭುಜದ ಕಡೆ ಚಾಚಿ. ದಾಕ್ಷಿ ಅವ್ವಾ ಅಂದಳು. ಮತ್ತೆ ಅಂದಳು. ಅವಳವ್ವನ ಸೆರಗು ಕೂಡ ಮಿಸುಕಲಿಲ್ಲ. ಒಂದೇ ಕಲ್ಲು ಬಾಕಿ ಉಳಿದ ಆ ಕೋಣೆಯಲ್ಲಿ ಹೊತ್ತು ನಿಂತಷ್ಟೇ ನಿಧಾನವಾಗಿಬಿಟ್ಟಿತ್ತು.

ನಮ್ಮಪ್ಪ ಓಡಿಬಂದು ಸೆರಗು ಹಿಡಿದೆಳೆಯಲು ಕೈ ಒಳಗೆ ಹಾಕಿದ. ಮೊಣಕೈ ತನಕ ಹೋದ ಕೈಯನ್ನು ಹೊರಗೆ ತೆಗೆಯಲು ಒಂದು ಪೂರ್ತಿ ಮಳೆಗಾಲ ಹಿಡಿಯಿತು. ಅಷ್ಟೂ ದಿನ ಹೊಸ್ತಿಲಲ್ಲೇ ಕೂತಿದ್ದ, ಅವ್ವ ಅಲ್ಲೇ ತುತ್ತು ಮಾಡಿ ತಿನ್ನಿಸಿದಳು, ಮೇಲೆ ತಾಡಪತ್ರಿ ಕಟ್ಟಿದೆವು. ಹೊರಬಂದಾಗ ಆ ಕೈಯ ಉಗುರು ಒಂದಿಷ್ಟೂ ಬೆಳೆದಿರಲಿಲ್ಲ. ಅದಾದ ಮೇಲೆ ಯಾರೂ ಆ ಬಾಗಿಲೊಳಗೆ ಬೆರಳು ತೂರಿಸಲಿಲ್ಲ. ಊರವರು ಹೊರಗೇ ನಿಂತು ಆಚಾರ್ರ ಹೆಸರು ಹಿಡಿದು ಕೂಗಿ ನೋಡಿದರು, ವರ್ಷ ಕಳೆದರೂ ಅವರು ಹೊಳ್ಳದ್ದಕ್ಕೆ ಬಿಟ್ಟುಬಿಟ್ಟರು.

ದಾಕ್ಷಿ ನಮ್ಮ ಮನೆಯಲ್ಲೇ ಬೆಳೆದಳು. ನಾನು ಮತ್ತು ಅವಳು ಒಂದೇ ಕೌದಿಯ ಎರಡು ತುದಿಯಲ್ಲಿ ಮಲಗಿ ದೊಡ್ಡವರಾದೆವು. ಕೋಣೆಯ ಎದುರು ಗೋಡೆ ಅಂದರೆ ನಮ್ಮ ಅಂಗಳದ ಗೋಡೆ. ಕೊನೆಯ ಕಲ್ಲು ಕೂರಬೇಕಾದ ಸಂದಿ ನಮ್ಮ ಅಂಗಳಕ್ಕೇ ತೆರೆದಿತ್ತು, ಅದರಲ್ಲಿ ಆಚಾರ್ರ ಮುಖ ಕಾಣುತ್ತಿತ್ತು. ಹುಡುಗಿ ಆ ಮುಖ ನೋಡಿದೊಡನೆ ಕಿಟಾರನೆ ಕಿರುಚಿ ಕೈಗೆ ಸಿಕ್ಕದ್ದನ್ನೆಲ್ಲ ಎಸೆಯಲು ಓಡುತ್ತಿದ್ದಳು. ನಮ್ಮವ್ವ ಒಂದು ದಪ್ಪ ಕೌದಿ ತಂದು ಆ ಸಂದಿಗೆ ಮರೆಯಾಗಿ ಕಟ್ಟಿದಳು. ಹರಿದಾಗ ಹೊಸದು ಕಟ್ಟಿದೆವು. ಆ ಕೌದಿಯಾಚೆ ದಾಕ್ಷಿ ಮತ್ತೆ ಇಣುಕಲಿಲ್ಲ.

ಅವಳು ಕೂಗುತ್ತಿದ್ದುದು ಬಾಗಿಲ ಕಡೆಯಿಂದ, ಅದೂ ಅವ್ವನನ್ನು ಮಾತ್ರ. ದಿನಾ ಮುಂಜಾನೆ ಹಿತ್ತಲು ಗುಡಿಸಿ, ನೀರು ಹಾಕಿ, ಹೊಸ್ತಿಲಲ್ಲಿ ನಿಂತು ಉಸಿರೆಳೆದು ಅವ್ವಾ ಅನ್ನುತ್ತಿದ್ದಳು. ಓಣಿಯವರು ಆ ಕೂಗಿಗೇ ಏಳುತ್ತಿದ್ದೆವು. ಒಮ್ಮೆ ನಾನೇ ಕೇಳಿದೆ, "ಅಪ್ಪನ್ನೂ ಒಂದ್ಸಲ ಕರದು ನೋಡು. ಅವರು ಹೊಳ್ಳಿದರ ಇಬ್ರೂ ಬರತಾರ."

"ಅವನ್ನ ನಾ ಯಾಕ ಕರೀಲಿ?" ಅಂದಳು. "ಕಟ್ಟಿದಾವ ಅವ, ಸಿಕ್ಕೊಂಡಾಕಿ ನಮ್ಮವ್ವ. ಸತ್ತ ತಾಯಿ ಸಂಬಂಧ ಜೀವಂತ ಮಗಳನ್ನ ಮರತ ಮನಷ್ಯಾ. ಅವನ ಹೆಸರು ನನ್ನ ಮುಂದ ತಗೀಬ್ಯಾಡ ಮಾಬೂ."

ನಾನು ಮತ್ತೆ ತೆಗೆಯಲಿಲ್ಲ. ಅವಳ ಸಿಟ್ಟೂ ಸುಳ್ಳಲ್ಲವಲ್ಲ.

ಮದುವೆಯ ವಯಸ್ಸಿಗೆ ಬಂದಾಗ ಅವ್ವನ ಮನೆ ಬಿಟ್ಟು ಎಲ್ಲಿಗೂ ಬರುವುದಿಲ್ಲ ಅಂದಳು. ಟೇಲರ್ ಕೆಲಸದ ಒಬ್ಬ ಪುಣ್ಯಾತ್ಮ ಅದಕ್ಕೂ ಒಪ್ಪಿ ಆ ಮನೆಗೇ ಬಂದು ಬಾಳಿ ಹೋದ. ಗುರುನಾಥ ಅಂತ ಒಬ್ಬ ಮಗ, ಈಗ ಬಸ್ ಓಡಿಸುತ್ತಾನೆ. ಅವನ ಲಗ್ನದಲ್ಲಿ ಮದುಮಕ್ಕಳು ಹಿತ್ತಲ ಬಾಗಿಲಲ್ಲಿ ನಿಂತು ಒಳಗಿದ್ದ ಅಜ್ಜ ಅಜ್ಜಿಗೆ ಅಡ್ಡಬಿದ್ದರು. ಅಜ್ಜನಿಗಿಂತ ಮೊಮ್ಮಗನೇ ವಯಸ್ಸಿನಲ್ಲಿ ದೊಡ್ಡವನಾಗಿದ್ದ, ಆದರೂ ಹಿರಿಯರು ಹಿರಿಯರೇ. ಮುಂದೆ ಊರಿನ ಮದುಮಕ್ಕಳೆಲ್ಲ ಹಾಗೆ ಬಂದು ಅಡ್ಡಬೀಳುವುದು ಪದ್ಧತಿಯಾಯಿತು. ಚಹಾದಂಗಡಿಯಲ್ಲಿ ಜನಕ್ಕೆ ಒಂದೇ ಮಾತು: ಮೊದಲು ಶಿವಗಂಗವ್ವನ ಕೈ ಗಂಡನ ಭುಜ ಮುಟ್ಟುತ್ತದೋ, ಮೊದಲು ಆ ಕಲ್ಲು ಗೋಡೆಯಲ್ಲಿ ಕೂರುತ್ತದೋ. ಕೈ ಮುಟ್ಟಿದರೆ ಅವರು ಹೊಳ್ಳಿ ನೋಡುತ್ತಾರೆ, ಕಲ್ಲು ಬಿಡುತ್ತಾರೆ, ಇಬ್ಬರೂ ಎಂದಾದರೊಂದು ದಿನ ಹೊರಬರುತ್ತಾರೆ. ಕಲ್ಲು ಕೂತರೆ ಮುಗಿಯಿತು. ಸಾಲು ಸಾಲಿಗೂ ನಿಧಾನವಾಗುತ್ತ ಬಂದ ಒಳಗಿನ ಹೊತ್ತು ಆ ಕಲ್ಲಿಗೆ ಪೂರಾ ನಿಂತು ಕಾಯಂ ಆಗುತ್ತದೆ, ಮತ್ತೆಂದೂ ಯಾರೂ ಬರುವುದಿಲ್ಲ. ಎಲ್ಲರೂ ಕೈಯೇ ಮೊದಲು ಅನ್ನುತ್ತಿದ್ದರು. ಕೈ ಹತ್ತಿರವೇ ಇತ್ತು.

ದಾಕ್ಷಿಯ ತಲೆಗೂದಲು ಬೆಳ್ಳಗಾಗುವ ಹೊತ್ತಿಗೆ ಒಂದು ಮುಂಜಾನೆ ಅವಳು ಓಡುತ್ತ ಬಂದು ನಾನು ಹತ್ತಿ ಹಿಂಜುತ್ತಿದ್ದ ಬಿಲ್ಲನ್ನು ಕೈಯಿಂದ ಕಿತ್ತಿಟ್ಟಳು. "ಬಾರೋ, ಲಗೂ ಬಾ! ಅವ್ವನ ಬೆಂಡೋಲಿ ಕಾಣಾಕತ್ತೇತಿ!" ಹೋಗಿ ನೋಡಿದೆ. ಹೌದು, ಅಷ್ಟು ವರ್ಷ ಬರೀ ತುರುಬು ಕಾಣುತ್ತಿದ್ದ ಕಡೆ ಕಿವಿಯ ಅಂಚು, ಅದರಲ್ಲಿ ಬೆಂಡೋಲೆಯ ಕೆಂಪು ಹರಳು. ಶಿವಗಂಗವ್ವ ಕತ್ತು ತಿರುಗಿಸುತ್ತಿದ್ದಳು. ಮಗಳ ಕೂಗು ಅವಳಿಗೆ ಮುಟ್ಟಿತ್ತು. "ನನ್ನ ದನಿ ಕೇಳ್ಯಾಳ, ಮಾಬೂ. ಕೇಳ್ಯಾಳ!" ಅಂತ ದಾಕ್ಷಿ ಅಲ್ಲೇ ಕೂತು ಗಳಗಳ ಅತ್ತಳು. ಅವತ್ತು ಇಡೀ ಓಣಿ ಹೋಳಿಗೆ ಮಾಡಿತು.

ಅಂದಿನಿಂದ ಅವಳು ಇನ್ನೂ ಜೋರಾಗಿ ಕೂಗತೊಡಗಿದಳು. ವರ್ಷಗಳು ಉರುಳಿದವು. ಕಿವಿಯಾದ ಮೇಲೆ ಕೆನ್ನೆ ಕಂಡಿತು, ಕೆನ್ನೆಯ ಮೇಲೆ ಹಿಟ್ಟಿನ ಗುರುತು ಕಂಡಿತು. "ಇನ್ನೊಂದೀಟು ಹೊಳ್ಳಿದ್ರ ಕಣ್ಣು ಕಾಣತಾವ. ನಮ್ಮವ್ವ ನನ್ನ ಒಂದ್ಸಲ ನೋಡಿದ್ರ ಸಾಕಪಾ, ಆಮ್ಯಾಲ ನಾ ಸತ್ತರೂ ಚಿಂತಿಲ್ಲ," ಅನ್ನುತ್ತಿದ್ದಳು. ಅಷ್ಟು ಹೊತ್ತಿಗೆ ಅವಳಿಗೂ ಮೊಣಕಾಲು ಹಿಡಿದು, ಗೋಡೆ ಹಿಡಿದೇ ಹೊಸ್ತಿಲಿಗೆ ಹೋಗಬೇಕಾಗಿತ್ತು. ಅವಳ ಬದುಕಿನಲ್ಲಿ ಉಳಿದ ಆಸೆ ಅದೊಂದೇ ಅನ್ನುವುದು ಊರಿಗೆಲ್ಲ ಗೊತ್ತಿತ್ತು.

ಒಂದು ಸಲ ನಮ್ಮ ಅಂಗಳದ ಕೌದಿ ಮಳೆಗೆ ಕೊಳೆತು ಜೋತುಬಿದ್ದಾಗ ಬದಲಾಯಿಸಲು ನಾನೇ ಹೋದೆ. ಹಳೆಯದನ್ನು ಬಿಚ್ಚಿ ಸಂದಿಯತ್ತ ನೋಡಿದೆ. ಹಿಂದಿನ ಕೌದಿ ಕಟ್ಟುವಾಗ ಆಚಾರ್ರ ಮುಖ ಪೂರ್ತಿ ಕಂಡಿತ್ತು. ಈಗ ಕಲ್ಲು ಬಂದು ಸಂದಿಯ ಬಾಯಿಗೆ ಹತ್ತಿತ್ತು, ಮೇಲಿನ ಬಿರುಕಿನಲ್ಲಿ ಅವರ ಕಣ್ಣು, ಹುಬ್ಬು ಮಾತ್ರ. ಕೈಗೇನಾಯಿತು, ಇಷ್ಟು ಹೊತ್ತಿಗೆ ಅದು ಮುಟ್ಟಿರಬೇಕಿತ್ತಲ್ಲ ಅಂತ ಹಿತ್ತಲ ಬಾಗಿಲಿಗೆ ಹೋಗಿ ಇಣುಕಿದೆ. ಅಲ್ಲಿ ಕಂಡದ್ದನ್ನು ದಾಕ್ಷಿಗೆ ಹೇಳುವವನು ಬೇರೆ ಯಾರಾದರೂ ಆಗಿದ್ದರೆ ಚೆನ್ನಾಗಿತ್ತು ಅನ್ನಿಸಿತು.

ದಾಕ್ಷಿ ತನ್ನ ಅಂಗಳದಲ್ಲಿ ಅಕ್ಕಿ ಹಸನು ಮಾಡುತ್ತ ಕೂತಿದ್ದಳು. ಪಕ್ಕದಲ್ಲಿ ಕೂತು, "ನೀ ಬರೇ ಮುಖಾ ನೋಡ್ತಿ, ದಾಕ್ಷಿ. ಒಮ್ಮಿ ಕೈ ನೋಡು," ಅಂದೆ.

"ಯಾವ ಕೈ?"

"ನಿಮ್ಮವ್ವನ ಕೈ. ಭುಜದ ಕಡೆ ಹೊಂಟಿದ್ದ ಕೈ ಕೆಳಗ ಇಳದೇತಿ. ನಿನ್ನ ಕೂಗಿಗೆ ಆಕಿ ಹಿಂದ ಹೊಳ್ಳಾಕತ್ತಾಳ. ಹೊಳ್ಳೂ ಮನಷ್ಯಾ ಮುಂದ ಕೈ ಚಾಚತಾನೇನು? ಅತ್ತಾಗ ಕಲ್ಲು ಕೂಡಾಕ ಬಂದೈತಿ."

ಅವಳು ಮೊರ ಕೆಳಗಿಟ್ಟಳು. ಮುಖ ಕೆಂಪಾಯಿತು. "ಮುದುಕಪ್ಪಾ, ನಿನ್ನ ಕಣ್ಣಾಗ ಹತ್ತಿ ಹೊಕ್ಕೇತಿ, ಹೋಗಿ ತೊಳಕೋ. ನಾ ಕರದು ಕರದು ಜೀವಾ ಸವಿಸೀನಿ. ನಾ ಕರದಿದ್ದ ತಪ್ಪಾತು ಅಂತೀ? ಕೂಸು ತಾಯೀನ ಕರದಿದ್ದು ತಪ್ಪು ಅಂತೀ?"

"ತಪ್ಪು ಅಂತ ನಾ ಎಲ್ಲಿ ಅಂದೆ?"

"ಮತ್ತೇನಂದಿ? ಎದ್ದು ಹೋಗು. ಹೋಗ ಮೊದಲ!"

ಎದ್ದು ಬಂದೆ. ಅವತ್ತು ಸಂಜೆ ಅವರ ಮನೆಯಿಂದ ಬರುವ ಸಾರಿನ ಬಟ್ಟಲು ಬರಲಿಲ್ಲ. ಮರುದಿನ ಮುಂಜಾನೆ ಕೂಗೂ ಕೇಳಲಿಲ್ಲ. ಅಷ್ಟು ವರ್ಷಗಳಲ್ಲಿ ಅದೇ ಮೊದಲು. ಓಣಿಯವರು ಹೊರಬಂದು ಮುಖ ಮುಖ ನೋಡಿಕೊಂಡರು, ದಾಕ್ಷವ್ವ ಹೋದಳೇನೋ ಅಂತ ಒಬ್ಬರು ಅಂದೇಬಿಟ್ಟರು. ನಾನು ಓಡಬೇಕು ಅನ್ನುವಷ್ಟರಲ್ಲಿ ಅವಳೇ ನಮ್ಮ ಅಂಗಳದ ಬಾಗಿಲು ತೆರೆದು ಬಂದಳು. ಕಣ್ಣು ಊದಿಕೊಂಡಿದ್ದವು. "ಕೈ ನೋಡಿ ಬಂದೆ," ಅಂದಳು, ಅಷ್ಟೇ. ಸೀದಾ ಗೋಡೆಯ ಹತ್ತಿರ ಹೋಗಿ, "ಕೌದಿ ಎತ್ತು," ಅಂದಳು.

ಎತ್ತಿದೆ. ಕಾಲ್ಮಣೆ ಕೇಳಿದಳು, ತಂದಿಟ್ಟೆ. ನನ್ನ ಹೆಗಲು ಹಿಡಿದು ಹತ್ತಿ ಬಿರುಕಿಗೆ ಕಣ್ಣು ಕೊಟ್ಟಳು. ಚಿಕ್ಕಂದಿನಲ್ಲಿ ಕಿರುಚಿದ್ದು ನೆನಪಾಗಿ ನಾನು ಅವಳ ತೋಳು ಗಟ್ಟಿಯಾಗಿ ಹಿಡಿದಿದ್ದೆ. ಅವಳು ಕಿರುಚಲಿಲ್ಲ. ಬಹಳ ಹೊತ್ತು ನೋಡಿದಳು.

"ಅವ್ವ ಕಾಣತಾಳೇನು?" ಅಂತ ಕೇಳಿದೆ.

"ಇಲ್ಲ. ಇವನ ತಲೀನ ತುಂಬೇತಿ," ಅಂದಳು. ಕಣ್ಣನ್ನು ಬಿರುಕಿಗೆ ಇನ್ನಷ್ಟು ಹತ್ತಿರ ತಂದು, "ಇವ ಪೋರ ಅದಾನಲ್ಲೋ ಮಾಬೂ," ಅಂದಳು. "ನನ್ನ ಗುರುನಾಥಗಿಂತ ಸಣ್ಣಾವ. ರೆಪ್ಪಿ ಮ್ಯಾಲ ಸುಣ್ಣ ಸಿಡದೇತಿ, ಒರಸಿಕೊಂಡಿಲ್ಲ ನೋಡು." ಬಿರುಕಿನ ಕಡೆ ಬೆರಳು ಮಾಡಿದಳು. "ನಾ ಏನೋ ಅಂದುಕೊಂಡಿದ್ನೆಪಾ. ಕಲ್ಲಿನ್ಯಾಗ ಮುಳಗಿ, ಮನಿ ಮಾರು ಮರತು ನಿಂತಾನ ಅಂದುಕೊಂಡಿದ್ದೆ. ಇವ ಅವಸರದಾಗ ಅದಾನ. ಗುರುನಾಥ ಸಣ್ಣಾವಿದ್ದಾಗ ಸಾಲಿ ಲೆಕ್ಕ ಮುಗಿಸಿ ಆಟಕ್ಕ ಓಡೂ ಮುಂದ ಹಿಂಗ ಹುಬ್ಬು ಗಂಟ ಹಾಕತಿದ್ದ. ಲಗೂ ಮುಗಿಸಿ ಹೊರಗ ಬರಾಕ ನಿಂತಾನ ಇವ. ಹಸದಾನ. ಇವಗ ಯಾರೂ ಹೇಳೇ ಇಲ್ಲ."

ಕಾಲ್ಮಣೆಯಿಂದ ಇಳಿದು ಗೋಡೆಗೆ ಬೆನ್ನು ಕೊಟ್ಟು ಕೂತು ಅತ್ತಳು. ತನ್ನಪ್ಪನ ಸಲುವಾಗಿ ಅವಳು ಅತ್ತದ್ದನ್ನು ನಾನು ಕಂಡದ್ದು ಅದೇ ಮೊದಲು. ನನಗೂ ತಡೆಯಲಾಗಲಿಲ್ಲ. ಇಬ್ಬರು ಮುದುಕರು ಮುಂಜಾನೆ ಮುಂಜಾನೆ ಅಂಗಳದಲ್ಲಿ ಕೂತು ಮೂಗು ಒರೆಸಿಕೊಳ್ಳುವುದನ್ನು ನೋಡಿ ನನ್ನ ಸೊಸೆ ಏನು ಎತ್ತ ಎಂದು ಕೇಳದೆ ಎರಡು ಲೋಟ ಚಹಾ ತಂದಿಟ್ಟು ಹೋದಳು.

ಚಹಾ ಕುಡಿದು ದಾಕ್ಷಿ ಹೇಳಿದಳು, "ಇಲ್ಲಿಂದ ಕೂಗಿದ್ರ ಇವನ ಕಿವಿಗೇ ಬೀಳತೈತಿ. ಅವ್ವನೂ ದನಿ ಬಂದ ಕಡೆ ಹೊಳ್ಳತಾಳ. ಇತ್ತ ಮುಖಾ ಮಾಡಿದ್ರ ಆಕಿ ಕೈಯೂ ಮುಂದ ಬರತೈತಿ."

"ಹಂಗಾದ್ರ ಆಕಿ ಮುಖಾ ಮತ್ತ ನಿನ್ನ ಕಡೆ ಬರಂಗಿಲ್ಲ," ಅಂದೆ. ಹೇಳಬಾರದಿತ್ತು. ಆದರೆ ಅವಳಿಗೆ ಗೊತ್ತಿಲ್ಲದ ಮಾತೇನಲ್ಲ ಅದು.

"ಗೊತ್ತೈತಿ," ಅಂದಳು. "ನೀ ಒಂದು ಕೆಲಸಾ ಮಾಡು. ಹಿತ್ತಲ ಬಾಗಲಾ ಹಾಕಿ ಚಿಲಕಾ ಜಡದು ಬಾ. ತೆರದಿದ್ರ ನಾ ಹೋಗಿ ನಿಲ್ಲತೀನಿ. ಆ ಗಲ್ಲಾ ಕಂಡ್ರ ಅವ್ವಾ ಅಂದಬಿಡತೀನಿ. ನನ್ನ ಬಾಯಿ ಮ್ಯಾಲ ನನಗ ನಂಬಿಗಿ ಇಲ್ಲ."

ನಾನು ಹೋಗಿ ಬಾಗಿಲು ಎಳೆದೆ. ಎಳೆಯುವ ಮುಂಚೆ ಒಮ್ಮೆ ಒಳಗೆ ನೋಡಿದೆ. ಆ ಕೆನ್ನೆಯ ಆಚೆ ರೆಪ್ಪೆಯ ಕೂದಲು ಕಾಣತೊಡಗಿತ್ತು. ಅಲ್ಲಾನ ಆಣೆ, ಇನ್ನೊಂದೆರಡು ವರ್ಷವಾಗಿದ್ದರೆ ಕಣ್ಣೇ ಬರುತ್ತಿತ್ತು. ಅದನ್ನು ನಾನು ದಾಕ್ಷಿಗೆ ಹೇಳಲಿಲ್ಲ. ಚಿಲಕ ಹಾಕಿ ಬಂದೆ.

ಅವಳು ಮತ್ತೆ ಕಾಲ್ಮಣೆ ಹತ್ತಿ ನಿಂತಿದ್ದಳು. ಬಾಯಿ ತೆರೆದಳು, ದನಿ ಬರಲಿಲ್ಲ. ಆ ಒಂದು ಮಾತನ್ನು ಅವಳ ನಾಲಿಗೆ ಹಲ್ಲು ಬೀಳುವ ವಯಸ್ಸಿನಲ್ಲೇ ಬಿಟ್ಟುಕೊಟ್ಟಿತ್ತು. ಎರಡು ಸಲ ಕೆಮ್ಮಿದಳು. ಸೆರಗಿನಿಂದ ಬಾಯಿ ಒರೆಸಿಕೊಂಡಳು. ಆಮೇಲೆ ಗೋಡೆಗೆ ಎರಡೂ ಅಂಗೈ ಊರಿ, "ಅಪ್ಪಾ!" ಅಂದಳು. ಮುದುಕಿಯ ಒಡಕು ದನಿ. ಓಣಿಯ ಜನ ಅಲ್ಲಲ್ಲೇ ನಿಂತುಬಿಟ್ಟರು. "ಅಪ್ಪಾ, ಸಾಕು ಬಾ! ಉಣ್ಣಾಕ ಬಾ!"

ಅಂದಿನಿಂದ ದಿನಾ ಅಲ್ಲಿಂದಲೇ ಕೂಗಿದಳು. ಕಾಲ್ಮಣೆ ಹತ್ತಲಾಗದೆ ಹೋದಾಗ ಗುರುನಾಥ ನಾಲ್ಕು ಕಲ್ಲು ಜೋಡಿಸಿ ಮೆಟ್ಟಿಲು ಮಾಡಿಕೊಟ್ಟ. ಆಮೇಲೆ ಮೆಟ್ಟಿಲೂ ಹತ್ತಲಾಗದೆ ಹೋದಾಗ ನಾವು ಹಾಸಿಗೆ ಸಮೇತ ಅವಳನ್ನು ತಂದು ಗೋಡೆಯ ಬುಡದಲ್ಲಿ ಮಲಗಿಸುತ್ತಿದ್ದೆವು. ಆ ಗಾದಿಗೆ ನಾನು ನನ್ನ ಕೈಯಾರೆ, ಹೊಸ ಹತ್ತಿಯನ್ನು ಎರಡೆರಡು ಸಲ ಹಿಂಜಿ ತುಂಬಿದ್ದೆ. ಮಲಗಿದಲ್ಲಿಂದಲೇ ಅಪ್ಪಾ ಅನ್ನುತ್ತಿದ್ದಳು. ಹಿತ್ತಲ ಬಾಗಿಲು ತೆರೆಯಿರಿ ಅಂತ ಒಂದು ದಿನವೂ ಕೇಳಲಿಲ್ಲ. ಕೇಳಬೇಕು ಅನ್ನಿಸಿದಾಗಲೆಲ್ಲ ಅವಳು ಗೋಡೆಯತ್ತ ಮಗ್ಗುಲಾಗುತ್ತಿದ್ದುದು ನನಗೆ ತಿಳಿಯುತ್ತಿತ್ತು.

ಕೊನೆಯ ದಿನಗಳಲ್ಲಿ ಒಮ್ಮೆ ನನ್ನನ್ನು ಹತ್ತಿರ ಕರೆದು ಕೇಳಿದಳು, "ಕಲ್ಲು ಏನಂತೈತಿ?"

"ನಿಂತೇತಿ," ಅಂದೆ. ಸುಳ್ಳು ಹೇಳಲಿಲ್ಲ. ಆ ವರ್ಷ ಅದು ಕೂದಲೆಳೆಯಷ್ಟೂ ಮುಂದೆ ಬಂದಿರಲಿಲ್ಲ. ಬಿರುಕಿನಲ್ಲಿ ಆಚಾರ್ರ ಹುಬ್ಬಿನ ಗಂಟು ಸಡಿಲಾಗಿತ್ತು. ಕಣ್ಣು ಕಲ್ಲಿನಿಂದ ಮೇಲೆದ್ದಿತ್ತು, ಯಾರೋ ಕರೆದರಲ್ಲ ಅನ್ನುವ ಹಾಗೆ.

ದಾಕ್ಷಿ ಅದನ್ನು ಕೇಳಿ ಸುಮ್ಮನೆ ನಕ್ಕಳು. ಆಮೇಲೆ, "ನಾ ಹೋದ ಮ್ಯಾಲ ಕೂಗಾವರು ಯಾರು?" ಅಂದಳು.

"ನಾ ಅದೀನಲ್ಲ."

"ಅವ ನಿಮ್ಮಪ್ಪ ಅಲ್ಲಲ್ಲೋ."

"ಇಷ್ಟು ವರ್ಷ ಅವರ ಮುಖಾ ನಮ್ಮ ಅಂಗಳದಾಗ ಐತಿ. ಅಪ್ಪಾ ಅಂದ್ರ ನನ್ನ ಗಂಟೇನು ಹೋಗತೈತಿ?" ಅಂದೆ. ನಮ್ಮ ಇಡೀ ಬದುಕಿನಲ್ಲಿ ಅವಳು ನನ್ನ ತಲೆ ಮೇಲೆ ಕೈಯಿಟ್ಟದ್ದು ಅವತ್ತು ಒಂದೇ ಸಲ.

ಎರಡು ದಿನ ಬಿಟ್ಟು, ಕಾರಹುಣ್ಣಿಮೆಯ ಮುಂಜಾನೆ, ಕೂಗಿ ಮುಗಿಸಿ ಹಾಗೇ ಕಣ್ಣು ಮುಚ್ಚಿದಳು. ಗುರುನಾಥ ಪಕ್ಕದಲ್ಲೇ ಇದ್ದ, ಬಾಯಿಗೆ ನೀರು ಬಿಟ್ಟ. ಮಣ್ಣು ಮಾಡಿ ಬಂದ ಮೇಲೆ ನಾನೊಬ್ಬನೇ ಹೋಗಿ ಹಿತ್ತಲ ಚಿಲಕ ತೆಗೆದೆ. ಕೆನ್ನೆ ಇರಲಿಲ್ಲ. ಶಿವಗಂಗವ್ವ ಪೂರ್ತಿ ಆಚೆ ತಿರುಗಿದ್ದಳು. ಮತ್ತೆ ಅದೇ ತುರುಬು, ಅದೇ ಬೆನ್ನು. ಕೈ ಮಾತ್ರ ಮೇಲೆದ್ದು ಗಂಡನ ಭುಜದ ಹತ್ತಿರ ಹತ್ತಿರ ಹೋಗಿತ್ತು. ಇವತ್ತಲ್ಲ ನಾಳೆಯಲ್ಲ, ಆದರೆ ಅದು ಮುಟ್ಟುತ್ತದೆ. ಅವರಿಬ್ಬರೂ ಹೊಳ್ಳಿ ಬಾಗಿಲ ಕಡೆ ನಡೆಯುತ್ತಾರೆ. ಆ ಹೊತ್ತಿಗೆ ನಾನಿರುವುದಿಲ್ಲ, ಗುರುನಾಥನ ಮಕ್ಕಳೂ ಇರುತ್ತಾರೋ ಇಲ್ಲವೋ.

ಈಗ ದಿನಾ ಮುಂಜಾನೆ ನಾನು ಕೂಗುತ್ತೇನೆ. ನನಗಾಗದ ದಿನ ಓಣಿಯಲ್ಲಿ ಯಾರು ಎದ್ದಿರುತ್ತಾರೋ ಅವರು ಕೂಗುತ್ತಾರೆ. ಹೊಸ್ತಿಲು ಹಿಡಿಯುವವರಿಗೆಲ್ಲ ಒಂದು ಮಾತು ಹೇಳಿಟ್ಟಿದ್ದೇನೆ. ಆ ಗಂಡಹೆಂಡತಿ ಹೊರಗೆ ಬಂದು ಮೊದಲು ಕೇಳುವುದು ಮಗಳನ್ನೇ, ಇಷ್ಟೊತ್ತು ಕೂಗುತ್ತಿದ್ದಳಲ್ಲ, ಎಲ್ಲಿ ಹೋದಳು ಅಂತ. ಆಗ ಯಾರೂ ತಲೆ ತಗ್ಗಿಸಿ ನಿಲ್ಲಬಾರದು, ಯಾರೂ ಗಾಬರಿಯಾಗಿ ಇಲ್ಲದ್ದು ಹೇಳಬಾರದು. ಅವರ ಕೈ ಹಿಡಿದು ಕೂಡಿಸಿ, "ಈಗಿನ್ನೂ ಇಲ್ಲೇ ಇದ್ದಳಲ್ಲ," ಅನ್ನಬೇಕು. ಅವರ ಮಟ್ಟಿಗೆ ಅದು ನಿಜವೇ.